ಬೈಗುಳದೊಳಗೆ ಸಿಗುವ ನೆರೆಹೊರೆ

ಪಾಠ ಶುರುವಾದ ಮೊದಲ ವಾರದಲ್ಲೇ ವಿದ್ಯಾರ್ಥಿಗಳು ಕೇಳುತ್ತಾರೆ: ಕ್ರೈಸ್ತ ಧರ್ಮ ಯಹೂದಿ ಧರ್ಮದಿಂದ ಬೇರೆಯಾದದ್ದು ಯಾವ ಇಸವಿಯಲ್ಲಿ? ರೋಮನ್ನರು ಜೆರುಸಲೇಮಿನ ದೇವಾಲಯವನ್ನು ಕೆಡವಿದ ಕ್ರಿ.ಶ. 70 ಅಂತ ಕೆಲವರು ಅಂದುಕೊಂಡಿರುತ್ತಾರೆ. 325ರಲ್ಲಿ ಕ್ರೈಸ್ತ ಬಿಷಪ್ಪರು ನಿಕೇಯದಲ್ಲಿ ಸೇರಿದ ಸಭೆ ಅಂತ ಇನ್ನು ಕೆಲವರು. ನಾನು ಇಸವಿ ಹೇಳುವುದಿಲ್ಲ. ಒಂದು ಪ್ರವಚನ ಓದಲು ಕೊಡುತ್ತೇನೆ.

ಅದು 386ರದ್ದು. ಊರು ಅಂತಿಯೋಕ್ಯ, ಈಗಿನ ಟರ್ಕಿಯ ಅಂತಾಕ್ಯ. ಯೇಸುವಿನ ಶಿಷ್ಯರಿಗೆ ‘ಕ್ರೈಸ್ತರು’ ಎಂಬ ಹೆಸರು ಮೊದಲು ಬಂದದ್ದು ಇಲ್ಲೇ ಎಂದು ಬೈಬಲ್ ಹೇಳುತ್ತದೆ. ಪ್ರವಚನ ಮಾಡಿದ ಯೋಹಾನ ಕ್ರಿಸೊಸ್ಟೊಮ್ ಆ ವರ್ಷವಷ್ಟೇ ಅಲ್ಲಿ ಪಾದ್ರಿಯಾಗಿ ನೇಮಕಗೊಂಡಿದ್ದರು. ಬೇರೊಂದು ವಿಷಯದ ಮೇಲೆ ಮಾತಾಡುತ್ತಿದ್ದವರು ಅದನ್ನು ಅರ್ಧಕ್ಕೇ ನಿಲ್ಲಿಸಿದರು. ಕಾರಣ, ಯಹೂದಿಗಳ ಹಬ್ಬಗಳು ಹತ್ತಿರ ಬಂದಿದ್ದವು: ತುತ್ತೂರಿಗಳ ಹಬ್ಬ, ಪರ್ಣಶಾಲೆಗಳ ಹಬ್ಬ, ನಡುವೆ ಉಪವಾಸ. ಅವರ ಚರ್ಚಿನ ಜನರೇ ಆ ಹಬ್ಬ ನೋಡಲು ಹೋಗುತ್ತಿದ್ದರು. ಕೆಲವರು ಜೊತೆಗೂಡಿ ಉಪವಾಸವನ್ನೂ ಮಾಡುತ್ತಿದ್ದರು.

ಪ್ರವಚನದಲ್ಲಿ ಒಂದು ಘಟನೆ ಬರುತ್ತದೆ. ಮೂರು ದಿನದ ಹಿಂದೆ ನಡೆದದ್ದು, ಸುಳ್ಳು ಹೇಳುತ್ತಿಲ್ಲ ನಂಬಿ, ಅನ್ನುತ್ತಾರೆ ಯೋಹಾನ. ಒಬ್ಬ ಗಂಡಸು ಒಬ್ಬ ಹೆಂಗಸನ್ನು ಯಹೂದಿಗಳ ಪ್ರಾರ್ಥನಾ ಸ್ಥಳವಾದ ಸಭಾಮಂದಿರದೊಳಕ್ಕೆ ಬಲವಂತವಾಗಿ ಕರೆದೊಯ್ಯುತ್ತಿದ್ದ. ಅವರಿಬ್ಬರ ನಡುವೆ ಏನೋ ವ್ಯಾಜ್ಯ. ಅಲ್ಲಿ ಹೋಗಿ ಆಣೆ ಮಾಡು ಅಂತ ಅವನ ಹಟ. ಆಕೆ ಕ್ರೈಸ್ತಳು, ತನ್ನನ್ನು ಬಿಡಿಸಿ ಅಂತ ಯೋಹಾನರನ್ನು ಬೇಡಿಕೊಂಡಳು. ಅವರು ಬಿಡಿಸಿದರು. ಆಮೇಲೆ ಅವನನ್ನು ಕೇಳಿದರೆ ಅವನೂ ಕ್ರೈಸ್ತನೇ! ಹಾಗಾದರೆ ಚರ್ಚ್ ಬಿಟ್ಟು ಅಲ್ಲಿಗೇಕೆ? ಅಲ್ಲಿ ಮಾಡಿದ ಆಣೆಗೆ ಭಯ ಜಾಸ್ತಿ ಅಂತ ತುಂಬ ಜನ ಹೇಳಿದ್ದಾರೆ, ಎಂದ.

ಆ ‘ತುಂಬ ಜನ’ ಎಂಬಲ್ಲಿ ನಾನು ಓದುವುದನ್ನು ನಿಲ್ಲಿಸುತ್ತೇನೆ. ಒಬ್ಬ ಒರಟನ ಹಟ ಅಷ್ಟೇ ಆಗಿದ್ದರೆ ಬಿಟ್ಟುಬಿಡಬಹುದಿತ್ತು. ಇದು ಊರಿನ ಮಾತು. ಸಭಾಮಂದಿರದಲ್ಲಿ ದೇವರ ಸಾನ್ನಿಧ್ಯವಿದೆ ಅಂತ ಕ್ರೈಸ್ತರೂ ನಂಬಿದ್ದರು. ಕಾಯಿಲೆ ಬಿದ್ದರೆ ಯಹೂದಿ ಚಿಕಿತ್ಸಕರ ಹತ್ತಿರ ಓಡುತ್ತಿದ್ದರು, ಅದಕ್ಕೂ ಯೋಹಾನರ ಬೈಗುಳ ಉಂಟು. ಯಾರೂ ಮಾಡದ ಕೆಲಸವನ್ನು ಯಾರೂ ಹೀಗೆ ಗಂಟಲು ಹರಿದುಕೊಂಡು ನಿಷೇಧಿಸುವುದಿಲ್ಲ, ಅಲ್ವಾ?

ಈ ಪ್ರವಚನಗಳು ಕ್ರೂರವಾಗಿವೆ. ಸಭಾಮಂದಿರವನ್ನು ಕಳ್ಳರ ಗುಹೆ ಅನ್ನುತ್ತವೆ. ಮುಂದಿನ ಶತಮಾನಗಳಲ್ಲಿ ಯಹೂದಿಗಳನ್ನು ದ್ವೇಷಿಸಿದವರು ಇದೇ ಮಾತುಗಳನ್ನು ಎತ್ತಿಕೊಂಡರು. ತರಗತಿಯಲ್ಲಿ ಇವನ್ನು ಗಟ್ಟಿಯಾಗಿ ಓದುವಾಗ ನನಗೆ ಇವತ್ತಿಗೂ ಕಷ್ಟವಾಗುತ್ತದೆ. ಆದರೂ ಬಿಡಲಾರೆ. ಹಬ್ಬಕ್ಕೆ ಪಕ್ಕದ ಬೀದಿಗೆ ಹೋದ ಆ ಸಾಮಾನ್ಯ ಜನ ತಾವಾಗಿ ಏನೂ ಬರೆದಿಡಲಿಲ್ಲ. ಅವರು ನಮಗೆ ಸಿಗುವುದು ಅವರನ್ನು ಬೈದವರ ಬಾಯಲ್ಲೇ.

ಅಂತಿಯೋಕ್ಯ ಒಂದೇ ಹೀಗಿತ್ತು ಅನ್ನಬೇಡಿ. ಅದೇ 4ನೇ ಶತಮಾನದಲ್ಲಿ ಏಷ್ಯಾ ಮೈನರಿನ (ಈಗಿನ ಟರ್ಕಿಯ) ಲವೊದಿಕೀಯ ಎಂಬ ಊರಿನಲ್ಲಿ ಸೇರಿದ ಚರ್ಚಿನ ಸಭೆ ಕೆಲವು ನಿಯಮಗಳನ್ನು ಮಾಡಿತು. ಯಹೂದಿಗಳ ವಿಶ್ರಾಂತಿ ದಿನವಾದ ಸಬ್ಬತ್, ಅಂದರೆ ಶನಿವಾರ, ಕ್ರೈಸ್ತರು ಸುಮ್ನೆ ಕೂರಬಾರದು, ಕೆಲಸ ಮಾಡಬೇಕು ಅಂತ ಒಂದು. ಇನ್ನೊಂದು ರೊಟ್ಟಿಯ ವಿಷಯ: ಯಹೂದಿಗಳು ಕೊಡುವ ಹುಳಿಯಿಲ್ಲದ ರೊಟ್ಟಿಯನ್ನು ತೆಗೆದುಕೊಳ್ಳಬಾರದು. ಅದು ಯಹೂದಿಗಳು ಈಜಿಪ್ಟಿನ ದಾಸ್ಯದಿಂದ ಬಿಡುಗಡೆಯಾದದ್ದನ್ನು ನೆನೆಯುವ ಪಸ್ಕ ಹಬ್ಬದ ರೊಟ್ಟಿ. ಕೊಡುವವರು ಕೊಡುತ್ತಿದ್ದರು, ತೆಗೆದುಕೊಳ್ಳುವವರು ತೆಗೆದುಕೊಳ್ಳುತ್ತಿದ್ದರು.