ಚೆಂಡೆಯ ಪೆಟ್ಟು ಫೈಲಿನಲ್ಲಿ ಮೊಂಡಾಗುವುದೇಕೆ?

ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಾದ ಕುಂಬಳೆ, ಬದಿಯಡ್ಕ, ಕಾಸರಗೋಡು ಕಡೆಯ ಮನೆಗಳಲ್ಲಿ ಯಕ್ಷಗಾನದ ಆಟ, ತಾಳಮದ್ದಳೆಗಳ ಹಳೆಯ ಕ್ಯಾಸೆಟ್‌ಗಳು ಈಗಲೂ ಸಿಗುತ್ತವೆ. ಅವನ್ನು ಕಂಪ್ಯೂಟರಿಗೆ ಹಾಕುವಾಗ ಕೆಲವರು ನೇರ ಎಂಪಿ3 ಮಾಡಿ, ಕ್ಯಾಸೆಟ್ ಎಸೆದುಬಿಡುತ್ತಾರೆ. ನನಗೆ ಸಂಕಟವಾಗುವುದು ಅಲ್ಲೇ.

ಎಂಪಿ3 ಸುಮ್ನೆ ಹುಟ್ಟಿದ್ದಲ್ಲ. 1982ರಲ್ಲಿ ಬಂದ ಸಿ.ಡಿ. ಧ್ವನಿಯನ್ನು ಸೆಕೆಂಡಿಗೆ 44,100 ಸಲ ಅಳೆದು, ಪ್ರತಿ ಅಳತೆಯನ್ನೂ 16 ಬಿಟ್‌ನಲ್ಲಿ ಬರೆಯುತ್ತದೆ. ಸ್ಟೀರಿಯೋ ಆದರೆ ನಿಮಿಷಕ್ಕೆ ಸುಮಾರು 10 ಎಂಬಿ. 90ರ ದಶಕದ ಇಂಟರ್‌ನೆಟ್‌ಗೆ ಅದು ಹೊರಲಾರದ ಭಾರ. ಜೋರು ಸದ್ದಿನ ಪಕ್ಕದ ಸಣ್ಣ ಸದ್ದು ಕಿವಿಗೆ ಬೀಳುವುದಿಲ್ಲ, ಅದನ್ನೇಕೆ ಉಳಿಸಬೇಕು? ಜರ್ಮನಿಯ ಫ್ರೌನ್‌ಹೋಫರ್ ಸಂಸ್ಥೆಯವರೂ ಇತರರೂ ಈ ದಾರಿ ಹಿಡಿದರು. 128 ಕೆಬಿಪಿಎಸ್ ಬಿಟ್‌ರೇಟಿನಲ್ಲಿ, ಅಂದರೆ ಸೆಕೆಂಡಿಗೆ 128 ಸಾವಿರ ಬಿಟ್‌ನಂತೆ ಬರೆದರೆ, ಫೈಲು ಸಿ.ಡಿ.ಯ ಹನ್ನೊಂದರಲ್ಲಿ ಒಂದು ಪಾಲಿಗೆ ಇಳಿಯಿತು.

ಆದರೆ ಚೆಂಡೆ ಈ ಲೆಕ್ಕಕ್ಕೆ ಸುಲಭವಾಗಿ ಬಗ್ಗುವುದಿಲ್ಲ. ಎಂಪಿ3 ಧ್ವನಿಯನ್ನು ತುಂಡು ಮಾಡಿ ಲೆಕ್ಕ ಹಾಕುತ್ತದೆ. ಉದ್ದದ ತುಂಡೊಂದು ಸುಮಾರು 13 ಮಿಲಿಸೆಕೆಂಡ್. ಭಾಗವತರು ಪದ ನಿಲ್ಲಿಸಿದ ಮೌನದಲ್ಲಿ ಫಕ್ಕನೆ ಕೋಲು ಬಿತ್ತು ಅನ್ನಿ. ಲೆಕ್ಕದಲ್ಲಾದ ಸಣ್ಣ ತಪ್ಪು ಇಡೀ ತುಂಡಿಗೆ ಹರಡುತ್ತದೆ. ಪೆಟ್ಟಿಗಿಂತ ಮೊದಲೇ ಒಂದು 'ಸ್ಸ್' ಸೇರಿ, ಅದರ ಮೊನೆ ಮೊಂಡಾಗುತ್ತದೆ. ಇಂಥ ಕಡೆಗೆಂದೇ ಚಿಕ್ಕ ತುಂಡುಗಳ ಏರ್ಪಾಡಿದೆ, ಕಡಿಮೆ ಬಿಟ್‌ರೇಟಿನಲ್ಲಿ ಅದೂ ಸಾಲದು. ಚಕ್ರತಾಳದ ಝಣತ್ಕಾರಕ್ಕೂ ಪೆಟ್ಟು. 128ರಲ್ಲಿ 16 ಕಿಲೋಹರ್ಟ್ಸ್‌ಗಿಂತ ಮೇಲಿನ ತೀರಾ ತಾರದ ಸದ್ದನ್ನು ಸಾಮಾನ್ಯವಾಗಿ ಕತ್ತರಿಸಿಬಿಡುತ್ತಾರೆ.

2001ರಲ್ಲಿ ಜೋಶ್ ಕೋಲ್ಸನ್ ಎಂಬವರ ಫ್ಲಾಕ್ (FLAC) ಬಂತು, ಧ್ವನಿಯನ್ನು ಕುಗ್ಗಿಸಿಡುವ ಇನ್ನೊಂದು ಬಗೆಯ ಫೈಲು. ಇದು ಏನನ್ನೂ ಬಿಸಾಡುವುದಿಲ್ಲ. ಹಿಂದಿನ ಅಳತೆಗಳನ್ನು ನೋಡಿ ಮುಂದಿನದನ್ನು ಅಂದಾಜಿಸುತ್ತದೆ, ಅಂದಾಜಿಗೂ ನಿಜಕ್ಕೂ ಇರುವ ವ್ಯತ್ಯಾಸವನ್ನಷ್ಟೇ ಬರೆದಿಡುತ್ತದೆ. ಬಿಚ್ಚಿದಾಗ ಮೂಲ ಹಾಗೆಯೇ ಸಿಗುತ್ತದೆ. ಫೈಲು ಮಾತ್ರ ಸುಮಾರು ಅರ್ಧದಷ್ಟು. ಆಪಲ್ 2004ರಲ್ಲಿ ಇಂಥದ್ದೇ ತನ್ನದೊಂದು ಬಗೆ, ಅಲಾಕ್ (ALAC), ತಂದಿತು.

ಬಸ್ಸಿನಲ್ಲಿ ಬ್ಲೂಟೂತ್ ಹಾಕಿ ಕೇಳುವವರಿಗೆ 320ರ ಎಂಪಿ3 ಧಾರಾಳ ಸಾಕು. ಬ್ಲೂಟೂತ್ ಹೇಗೂ ಮತ್ತೊಮ್ಮೆ ಹಿಂಡುತ್ತದೆ. ಫ್ಲಾಕ್ ಮಾಡಿದರೆ ಕ್ಯಾಸೆಟ್ಟಿನ ಗುಂಯ್‌ಗುಡುವಿಕೆಯೂ ಹೋಗದು. ನನ್ನ ಹಟ ಕಾಪಿಡುವ ಪ್ರತಿಯ ಬಗ್ಗೆ. ಫ್ಲಾಕ್‌ನಿಂದ ಎಂಪಿ3 ಯಾವಾಗ ಬೇಕಾದರೂ ಮಾಡಬಹುದು. ಎಂಪಿ3ಯನ್ನು ಫ್ಲಾಕ್ ಮಾಡಿದರೆ ಫೈಲು ದಪ್ಪಗಾಗುತ್ತದೆ ಅಷ್ಟೇ, ಹೋದದ್ದು ಬರುವುದಿಲ್ಲ. ಎಂಪಿ3ಯನ್ನೇ ಮತ್ತೆ ಮತ್ತೆ ಕುಗ್ಗಿಸಿ ಹಂಚಿದರೆ ಪ್ರತಿ ಸಲವೂ ಇನ್ನಷ್ಟು ನಷ್ಟ.

ಪ್ಲೇಯರಿನ ಹೆಡ್ ಒರೆಸಿ, ಕ್ಯಾಸೆಟ್ಟನ್ನು ಒಮ್ಮೆ ಸರಿಯಾಗಿ ಓಡಿಸಿ ಫ್ಲಾಕ್‌ಗೆ ಇಳಿಸಿ. 90 ನಿಮಿಷದ ಕ್ಯಾಸೆಟ್ಟು ಸಿ.ಡಿ. ಗುಣಮಟ್ಟದಲ್ಲಿ ಅರ್ಧ ಜಿಬಿಗಿಂತ ತುಸು ಜಾಸ್ತಿಯಾದೀತು. 64 ಜಿಬಿ ಕಾರ್ಡಿನಲ್ಲಿ ನೂರರ ಹತ್ತಿರ ಕ್ಯಾಸೆಟ್ ಹಿಡಿಸುತ್ತವೆ. ಇನ್ನೊಂದು ಪ್ರತಿ ಬೇರೆ ಮನೆಯಲ್ಲಿರಲಿ.