ಎಳೆ ಮಕ್ಕಳಿಗೆ ಹೇಳಿ ಮಾಡಿಸಿದಂಥ ಅಲ್ಟ್ರಾಸೌಂಡ್ ಸ್ಕ್ಯಾನಿಂಗ್, ಬಂದದ್ದು ಮಾತ್ರ ತಡವಾಗಿ

ಮೂರ್ನಾಲ್ಕು ವಾರದ ಕೂಸು. ಹಾಲು ಕುಡಿದ ಸ್ವಲ್ಪ ಹೊತ್ತಿಗೇ ಎಲ್ಲವನ್ನೂ ಚಿಮ್ಮಿ ವಾಂತಿ ಮಾಡುತ್ತದೆ, ಮತ್ತೆ ಹಸಿವು ಅಂತ ಅಳುತ್ತದೆ, ತೂಕ ಮಾತ್ರ ಇಳಿಯುತ್ತಾ ಹೋಗುತ್ತದೆ. ಹೊಟ್ಟೆಯಿಂದ ಕರುಳಿಗೆ ಹೋಗುವ ದಾರಿಯ ಸ್ನಾಯು ದಪ್ಪವಾಗಿ ಹಾಲು ಮುಂದೆ ಸಾಗುವುದಿಲ್ಲ. ಡಾಕ್ಟರುಗಳು ಇದಕ್ಕೆ ಪೈಲೋರಿಕ್ ಸ್ಟೆನೋಸಿಸ್ ಅನ್ನುತ್ತಾರೆ. ಇದರ ಆಪರೇಷನ್ನನ್ನು ಜರ್ಮನಿಯ ಕಾನ್ರಾಡ್ ರಾಮ್‌ಸ್ಟೆಟ್ 1912ರ ಹೊತ್ತಿಗೇ ತೋರಿಸಿಕೊಟ್ಟಿದ್ದರು. ಕಷ್ಟ ಇದ್ದದ್ದು ರೋಗ ಪತ್ತೆ ಮಾಡುವುದರಲ್ಲಿ. ಮಗುವಿನ ಅಳು ನಿಲ್ಲುವ ತನಕ ಕಾದು, ಮೆಲ್ಲಗೆ ಹೊಟ್ಟೆ ಒತ್ತಿ, ಒಳಗಿನ ಗಂಟು ಬೆರಳಿಗೆ ಸಿಗುತ್ತದಾ ಅಂತ ನೋಡಬೇಕಿತ್ತು. ಸಿಗದಿದ್ದರೆ ಎಕ್ಸ್‌ರೇಯಲ್ಲಿ ಬೆಳ್ಳಗೆ ಕಾಣುವ ಬೇರಿಯಂ ದ್ರಾವಣ ಕುಡಿಸಿ ಎಕ್ಸ್‌ರೇ. ಅದೂ ಕುಡಿದದ್ದನ್ನೆಲ್ಲ ಕಕ್ಕುವ ಕೂಸಿಗೆ!

1977ರಲ್ಲಿ ಅಮೆರಿಕದ ರೀಟಾ ಟೀಲ್ ಮತ್ತು ಎಡ್ವರ್ಡ್ ಸ್ಮಿತ್ ಈ ಸ್ನಾಯುವನ್ನು ಅಲ್ಟ್ರಾಸೌಂಡಿನಲ್ಲೇ, ಅಂದರೆ ಕಿವಿಗೆ ಕೇಳದ ಶಬ್ದದ ಅಲೆ ಕಳಿಸಿ ಅದರ ಪ್ರತಿಧ್ವನಿಯಿಂದ ಮೂಡುವ ಚಿತ್ರದಲ್ಲೇ, ನೋಡಬಹುದು ಅಂತ ತೋರಿಸಿದರು. ಈಗ ಸ್ನಾಯುವಿನ ದಪ್ಪ 3 ಮಿಲಿಮೀಟರ್ ದಾಟಿದೆ, ಹಾಲೂ ಮುಂದೆ ಹೋಗುತ್ತಿಲ್ಲ ಅಂತ ಕಂಡರೆ ಅನುಮಾನ ಬಹುತೇಕ ತೀರಿದ ಹಾಗೆ.

ಆದ್ರೆ 1977 ಅಂದ್ರೆ ಜಾಸ್ತಿನೇ ತಡ ಅಲ್ವಾ? ಸ್ವೀಡನ್ನಿನ ಲುಂಡ್‌ನಲ್ಲಿ ಇಂಗೆ ಎಡ್ಲರ್ ಮತ್ತು ಹೆಲ್ಮುತ್ ಹರ್ಟ್ಸ್ 1953ರಲ್ಲೇ, ಹಡಗು ಕಟ್ಟುವವರು ಲೋಹದ ಬಿರುಕು ಹುಡುಕಲು ಬಳಸುತ್ತಿದ್ದಂಥ ಯಂತ್ರದಿಂದ ಹೃದಯದ ಬಡಿತ ಹಿಡಿದಿದ್ದರು. ನಾವು ‘ಎಕೋ’ ಅನ್ನೋದರ ಮೂಲ ಅದೇ. 1958ರಲ್ಲಿ ಗ್ಲಾಸ್ಗೋದ ಇಯಾನ್ ಡೊನಾಲ್ಡ್ ಹೆಂಗಸರ ಹೊಟ್ಟೆಯೊಳಗಿನ ಗಡ್ಡೆಗಳನ್ನು ಹೀಗೇ ನೋಡಿದರು. ತೊಡಕು ಏನಂದರೆ ಆಗಿನ ಮೆಷಿನ್‌ಗಳಲ್ಲಿ ಚಿತ್ರ ಒಂದೊಂದೇ ಗೆರೆಯಾಗಿ ಮೂಡುತ್ತಿತ್ತು, ಅಷ್ಟು ಹೊತ್ತೂ ಅಲುಗಾಡದೆ ಮಲಗಿರಬೇಕು. ಕೂಸು ಕೈಕಾಲು ಒದೆಯದೆ ಮಲಗೋದುಂಟೆ? ಒಳಗಿನ ಚಲನೆಯನ್ನು ಆಗಿಂದಾಗಲೇ ತೋರಿಸುವ ಮೆಷಿನ್‌ಗಳು 1970ರ ದಶಕದಲ್ಲಿ ಎಲ್ಲೆಡೆ ಬಳಕೆಗೆ ಹರಡಿದ ಮೇಲೆ ಮಕ್ಕಳ ವೈದ್ಯರಿಗೆ ದಾರಿ ಚೆನ್ನಾಗಿ ತೆರೆಯಿತು.

ತೆರೆದ ಮೇಲೆ ಗೊತ್ತಾದದ್ದು, ಈ ಯಂತ್ರ ದೊಡ್ಡವರಿಗಿಂತ ಚಿಕ್ಕವರಿಗೇ ಚೆನ್ನಾಗಿ ಒಪ್ಪುತ್ತದೆ ಅಂತ. ಮೈಯಲ್ಲಿ ಕೊಬ್ಬು ಕಡಿಮೆ, ಅಂಗಗಳು ಚರ್ಮಕ್ಕೆ ಹತ್ತಿರ. ತಲೆಯನ್ನೇ ನೋಡಿ. 1940ರ ದಶಕದಲ್ಲಿ ಆಸ್ಟ್ರಿಯಾದ ಕಾರ್ಲ್ ಡ್ಯೂಸಿಕ್ ದೊಡ್ಡವರ ಮೆದುಳಿನ ಚಿತ್ರ ತೆಗೆದೆ ಅಂದುಕೊಂಡಿದ್ದರು, ಆಮೇಲೆ ನೋಡಿದರೆ ಅದು ಬುರುಡೆಯ ಮೂಳೆಯೇ ಮಾಡಿದ ಮೋಸ. ಎಳೆಗೂಸಿಗೆ ಆ ಮೂಳೆ ಇನ್ನೂ ಕೂಡಿರುವುದಿಲ್ಲ. ಅಜ್ಜಿಯರು ಹರಳೆಣ್ಣೆ ಇಡುವ ಆ ಮೆತ್ತನೆಯ ನೆತ್ತಿಯೇ ಕಿಟಕಿ. ಅವಧಿಗೆ ಮೊದಲೇ ಹುಟ್ಟಿದ ಮಗುವಿನ ಮೆದುಳಿನಲ್ಲಿ ರಕ್ತಸ್ರಾವ ಆಗಿದೆಯಾ, ನೀರು ತುಂಬಿಕೊಳ್ಳುತ್ತಿದೆಯಾ ಅಂತ, ಕೂಸನ್ನು ಬೆಚ್ಚಗಿಡುವ ಪೆಟ್ಟಿಗೆಯಿಂದ (ಇನ್‌ಕ್ಯುಬೇಟರ್) ಹೊರಗೆ ತೆಗೆಯದೆಯೇ ನೋಡಬಹುದು.

ಸೊಂಟದ ಕೀಲಿನ ಕಥೆಯೂ ಹೀಗೇ. ಹೊಸ ಕೂಸಿನ ತೊಡೆ ಮೂಳೆಯ ತಲೆ ಬರೀ ಮೃದ್ವಸ್ಥಿ, ಎಕ್ಸ್‌ರೇಗೆ ಕಾಣುವುದೇ ಇಲ್ಲ. ಆಸ್ಟ್ರಿಯಾದ ರೈನ್‌ಹಾರ್ಡ್ ಗ್ರಾಫ್ 1980ರಲ್ಲಿ ಆ ಕೀಲು ಸರಿಯಾಗಿ ಕೂತಿದೆಯಾ ಅಂತ ಅಲ್ಟ್ರಾಸೌಂಡಿನಲ್ಲಿ ಅಳೆಯುವ ವಿಧಾನ ಕೊಟ್ಟರು. 1992ರಿಂದ ಅವರ ದೇಶ ಹುಟ್ಟಿದ ಎಲ್ಲ ಮಕ್ಕಳಿಗೂ ಆ ಪರೀಕ್ಷೆ ಮಾಡಿಸುತ್ತಿದೆ.

ಅಪೆಂಡಿಕ್ಸ್ ವಿಷಯದಲ್ಲಿ ನೆದರ್‌ಲೆಂಡ್ಸಿನ ಜೂಲಿಯನ್ ಪೈಲಾರ್ಟ್ 1986ರಲ್ಲಿ ಕೊಟ್ಟ ಉಪಾಯ ತುಂಬಾ ಸರಳ: ಮೈಮೇಲೆ ಇಟ್ಟು ನೋಡುವ ಕೈಸಾಧನದಿಂದಲೇ (ಪ್ರೋಬ್) ಮೆಲ್ಲಗೆ ಒತ್ತಿ. ಚಿತ್ರಕ್ಕೆ ಅಡ್ಡ ಬರುವ ಕರುಳಿನ ಗಾಳಿ ಪಕ್ಕಕ್ಕೆ ಸರಿಯುತ್ತದೆ, ಊದಿದ ಅಪೆಂಡಿಕ್ಸ್ ಮಾತ್ರ ಚಪ್ಪಟೆ ಆಗುವುದಿಲ್ಲ. ಆದರೂ ಸಿಟಿ ಸ್ಕ್ಯಾನ್ ಸುಲಭ ಅಂತ ಅಮೆರಿಕದಲ್ಲಿ ಮಕ್ಕಳಿಗೂ ಅದನ್ನೇ ಬಳಸುವುದು ಹೆಚ್ಚಾಯಿತು. ಸಿಟಿಯ ಎಕ್ಸ್‌ರೇ ವಿಕಿರಣದಿಂದ ಮುಂದೆ ಕ್ಯಾನ್ಸರ್ ಅಪಾಯ ಏರುತ್ತದೆ ಅಂತ 2001ರಲ್ಲಿ ಎಚ್ಚರಿಕೆ ಬಂದ ಮೇಲೆ ಅಲ್ಟ್ರಾಸೌಂಡಿಗೆ ಮತ್ತೆ ಬೆಲೆ ಬಂತು. ಹಾಗಂತ ಇದು ಎಲ್ಲವನ್ನೂ ತೋರಿಸಿಬಿಡುವುದಿಲ್ಲ. ಪ್ರೋಬ್ ಹಿಡಿದವರ ಕೈ ಪಳಗಿಲ್ಲದಿದ್ದರೆ ಅಪೆಂಡಿಕ್ಸ್ ಸಿಗದೇ ಹೋಗುವುದೂ ಉಂಟು.

ನಮ್ಮಲ್ಲಿ ಇನ್ನೊಂದು ಗಂಟಿದೆ. ಹೆಣ್ಣು ಭ್ರೂಣಗಳನ್ನು ಹುಡುಕಿ ತೆಗೆಸಲು ಇದೇ ಮೆಷಿನ್ ಬಳಕೆಯಾದ್ದರಿಂದ 1994ರಲ್ಲಿ ಕಾನೂನು ಬಂತು, 2003ರಲ್ಲಿ ಇನ್ನಷ್ಟು ಬಿಗಿಯಾಯಿತು. ಕಾನೂನು ಬೇಕೇ ಬೇಕಿತ್ತು, ಎರಡು ಮಾತಿಲ್ಲ. ಆದರೆ ಭ್ರೂಣದ ಲಿಂಗ ಪತ್ತೆ ಮಾಡಬಲ್ಲ ಯಾವ ಮೆಷಿನ್ ಆದರೂ ಅದರಡಿ ಬರುತ್ತದೆ. ಹಾಗಾಗಿ ಎಳೆಗೂಸುಗಳ ನೆತ್ತಿ ನೋಡಲಿಕ್ಕೆ ಅಂತಲೇ ಹಸುಗೂಸುಗಳ ತೀವ್ರ ನಿಗಾ ಘಟಕಕ್ಕೆ (ಎನ್‌ಐಸಿಯು) ಒಂದು ಮೆಷಿನ್ ತರಿಸಿದರೂ ಮೊದಲು ನೋಂದಣಿ ಆಗಬೇಕು.