ಬ್ರೆಲ್ ಹಾಡುವಾಗ ಕೂಗನ್ನು ಕಡೆಗೆ ಇಟ್ಟುಕೊಳ್ಳಿ

ಫ್ರೆಂಚಿನಲ್ಲಿ ಹಾಡಿದ ಬೆಲ್ಜಿಯಂ ಗಾಯಕ ಜಾಕ್ ಬ್ರೆಲ್‌ನ ‘ಆಮ್‌ಸ್ಟರ್‌ಡ್ಯಾಮ್’ ಹಾಡಲು ಹೊರಟವರು ಎಡವುವುದು ಮೊದಲ ಸಾಲಿನಲ್ಲೇ. ‘ದಾಂ ಲ ಪೋರ್ ದಾಮ್‌ಸ್ಟೆರ್‌ದಾಮ್’, ಅಂದರೆ ಆಮ್‌ಸ್ಟರ್‌ಡ್ಯಾಮ್ ಬಂದರಿನಲ್ಲಿ. ಉಚ್ಚಾರದಲ್ಲಿ ಆರು ಅಕ್ಷರ, ಮೂರರ ನಡೆ. ‘ದಾಂ ಲ’ ಎಂಬುದನ್ನು ಸಮಕ್ಕೆ ಮುಂಚೆಯೇ ಎತ್ತಿಕೊಳ್ಳಬೇಕು. ಪೆಟ್ಟು ಬೀಳುವುದು ‘ಪೋರ್’ ಮೇಲೆ, ಆಮೇಲೆ ಕೊನೆಯ ‘ದಾಮ್’ ಮೇಲೆ. ಫ್ರೆಂಚಿನಲ್ಲಿ ಒತ್ತು ಪದಗುಚ್ಛದ ತುದಿಗೆ. ಪದದ ಮೊದಲಿಗೇ ಒತ್ತಿ ರೂಢಿಯಾದ ನಮ್ಮ ನಾಲಿಗೆ ‘ದಾಂ’ ಅನ್ನೇ ಸಮಕ್ಕೆ ಕೂರಿಸುತ್ತದೆ, ಹಾಡು ಕುಂಟುತ್ತದೆ.

ಎರಡನೆಯ ತಪ್ಪು ಇದಕ್ಕಿಂತ ದುಬಾರಿ. ಈ ಹಾಡಿಗೆ ಪಲ್ಲವಿಯಿಲ್ಲ. ನಾಲ್ಕು ಚರಣ, ನಾಲ್ಕೂ ಅದೇ ಸಾಲಿನಿಂದ ಶುರು. ನಾವಿಕರು ಹಾಡುತ್ತಾರೆ, ತಿನ್ನುತ್ತಾರೆ, ಕುಣಿಯುತ್ತಾರೆ, ಕುಡಿಯುತ್ತಾರೆ. ಸುಧಾರಿಸಿಕೊಳ್ಳಲು ಜಾಗವೇ ಇಲ್ಲದ್ದರಿಂದ ದನಿಯನ್ನು ಮೊದಲೇ ಲೆಕ್ಕ ಹಾಕಿ ಹಂಚಿಕೊಳ್ಳಬೇಕು. ಮೊದಲ ಚರಣ ಬಹುತೇಕ ಮಾತಿನಂತಿರಲಿ. ಎರಡರಲ್ಲಿ ವ್ಯಂಜನಗಳನ್ನಷ್ಟೇ ಬಿಗಿ ಮಾಡಿ, ದನಿ ಏರಿಸಬೇಡಿ. ಮೂರರಲ್ಲಿ ಅರ್ಧ ಬಿಚ್ಚಿ. ಎರಡರಲ್ಲೇ ಕೂಗಿಬಿಟ್ಟರೆ ನಾಲ್ಕನೆಯದಕ್ಕೆ ಗಂಟಲು ಮಾತ್ರ ಉಳಿದಿರುತ್ತದೆ. ಬ್ರೆಲ್ ಇದನ್ನು ಸ್ಟುಡಿಯೋದಲ್ಲಿ ಮುದ್ರಿಸಲೇ ಇಲ್ಲ; ಕಿವಿಗೊಟ್ಟು ಕಲಿಯಬೇಕಾದದ್ದು 1964ರ ಪ್ಯಾರಿಸ್ ಒಲಿಂಪಿಯಾ ವೇದಿಕೆಯ ಮುದ್ರಿಕೆಯನ್ನು.

ಈ ಏರಿಕೆ ಅವನಿಗೆ ಹುಟ್ಟಿನಿಂದ ಬಂದದ್ದಲ್ಲ. 1929ರಲ್ಲಿ ಬ್ರಸೆಲ್ಸ್‌ನ ಸ್ಕಾರ್‌ಬೇಕ್‌ನಲ್ಲಿ ಹುಟ್ಟಿದ ಹುಡುಗ ಮನೆಯವರ ರಟ್ಟಿನ ಕಾರ್ಖಾನೆ ಬಿಟ್ಟು 1953ರಲ್ಲಿ ಪ್ಯಾರಿಸ್ಸಿಗೆ ಹೋದ. ಆಗ ಕೈಯಲ್ಲಿ ಗಿಟಾರ್, ಬಾಯಲ್ಲಿ ಉಪದೇಶ. ಗಾಯಕ ಬ್ರಾಸೆನ್ಸ್ ಅವನನ್ನು ‘ಪಾದ್ರಿ ಬ್ರೆಲ್’ ಎಂದು ಛೇಡಿಸುತ್ತಿದ್ದ. ಆ ಕಾಲದ ಹಾಡುಗಳನ್ನು ಕೇಳಿದರೆ ಛೇಡಿಸಿದ್ದು ಸರಿಯೇ ಅನಿಸುತ್ತದೆ. ದಾರಿ ಬದಲಾದದ್ದು ಇಬ್ಬರು ಪಿಯಾನೋ ವಾದಕರಿಂದ. ಫ್ರಾಂಸ್ವಾ ರೋಬೇರ್ ವಾದ್ಯವೃಂದದ ಸಂಯೋಜನೆ ನೋಡಿಕೊಂಡ, ಜೆರಾರ್ ಜುವಾನೆಸ್ಟ್ ಊರೂರಿಗೆ ಜೊತೆ ಹೋದ. ಗಿಟಾರ್ ಕೆಳಗಿಟ್ಟ ಮೇಲೆ ಬ್ರೆಲ್‌ನ ಕೈಗಳೂ ಹಾಡತೊಡಗಿದವು.

1959ರ ‘ಲಾ ವಾಲ್ಸ್ ಆ ಮಿಲ್ ತಾಂ’ದಲ್ಲಿ ಏರುವುದು ದನಿಗಿಂತ ವೇಗ. ಮೂರು ಮಾತ್ರೆಯ ವಾಲ್ಟ್ಸ್ ಕುಣಿತ ನಾಲ್ಕು, ನೂರು, ಸಾವಿರ ಎಂದು ಎಣಿಸುತ್ತಾ ಓಡುತ್ತದೆ. ನಡುವೆ 20 ಬಂದಾಗ ಅದು ಮಾತ್ರೆಯಲ್ಲ (‘ತಾಂ’), ಇಪ್ಪತ್ತರ ವಯಸ್ಸು (‘ಆಂ’); ಹಾಡುವಾಗ ಎರಡೂ ಒಂದೇ ಸದ್ದು. ಆ ಶ್ಲೇಷೆ ಕಿವಿಗೆ ಬೀಳಬೇಕು. ಅಭ್ಯಾಸವನ್ನು ಹಿಂದಿನಿಂದ ಮಾಡಿ: ನಿಮ್ಮ ಉಚ್ಚಾರ ಸ್ಪಷ್ಟವಾಗಿರುವ ಅತಿ ವೇಗ ಯಾವುದೆಂದು ಲಯ ಎಣಿಸುವ ಮೆಟ್ರೋನೋಮ್‌ನಲ್ಲಿ ಗುರುತಿಸಿಕೊಂಡು, ಅಲ್ಲಿಂದ ಇಳಿಸುತ್ತಾ ಬಂದು ಆರಂಭದ ವೇಗ ಗೊತ್ತುಮಾಡಿಕೊಳ್ಳಿ. ಮುಂದಿನಿಂದ ಹೊರಟವರು ‘ಸಾವಿರ’ಕ್ಕೆ ಬರುವಷ್ಟರಲ್ಲಿ ತೊದಲುತ್ತಾರೆ.

ಚಪ್ಪಾಳೆ ಎಷ್ಟೇ ಬಿದ್ದರೂ ಅವನು ಮತ್ತೊಂದು ಹಾಡಿಗೆಂದು ವೇದಿಕೆಗೆ ಮರಳುತ್ತಿರಲಿಲ್ಲ. 1967ರ ಮೇ 16ರಂದು ಫ್ರಾನ್ಸಿನ ರೂಬೇಯಲ್ಲಿ ಕೊನೆಯ ಕಛೇರಿ ಮುಗಿಸಿದಾಗ ವಯಸ್ಸು 38. ಶ್ವಾಸಕೋಶದ ಶಸ್ತ್ರಚಿಕಿತ್ಸೆಯ ನಂತರ, 1977ರಲ್ಲಿ ಕೊನೆಯ ಆಲ್ಬಮ್ ಬಂತು. ಅದರಲ್ಲಿನ ‘ಲೇ ಮಾರ್ಕೀಸ್’ ಎಲ್ಲೂ ಏರುವುದಿಲ್ಲ. ಸಣ್ಣ ಸಣ್ಣ ಉಸಿರಿನಲ್ಲಿ, ತಗ್ಗಿದ ದನಿಯಲ್ಲೇ ಸಾಗುತ್ತದೆ. ಬ್ರೆಲ್‌ನನ್ನು ಹೊಸದಾಗಿ ಹಾಡುವವರು ‘ಆಮ್‌ಸ್ಟರ್‌ಡ್ಯಾಮ್’ ಬದಿಗಿಟ್ಟು ಅದರಿಂದ ಶುರು ಮಾಡಬಹುದು.